ಅಕ್‌ಬುಲಾಕ್ ಬುಗ್ಗೆಯ ಆರನೇ ಸೀಸೆ

ಬೆಳಗ್ಗೆ ಎಂಟು ಗಂಟೆಗೆ ಯಾರೋ ಬಾಗಿಲನ್ನು ದಬದಬನೆ ಬಡಿದಾಗ ರೈಖಾನ್ ಆಪಾ ಬೌರ್ಸಾಕಿಗೆ ಹಿಟ್ಟು ನಾದುತ್ತಿದ್ದರು. ಪಕ್ಕದ ಮನೆಯ ತೊಲೆಗೆನ್ ಎಂದಿನಂತೆ ಒಲೆಯ ಹತ್ತಿರ ಸ್ಟೂಲು ಎಳೆದುಕೊಂಡು, ಎಣ್ಣೆಯಿಂದ ಉಬ್ಬಿ ಮೇಲೇಳುವ ಮೊದಲ ಬೌರ್ಸಾಕಿಗಾಗಿ ಕಾಯುತ್ತಿದ್ದ.

ತೊಲೆಗೆನ್ ಮೂವತ್ತು ವರ್ಷ ಜಿಲ್ಲಾಸ್ಪತ್ರೆಯ ಆಂಬುಲೆನ್ಸ್ ಓಡಿಸಿ ನಿವೃತ್ತನಾದವನು. ಈಗ ಅವನ ಹಳೆಯ ಜೀಪಿಗೆ ಇದ್ದ ಒಂದೇ ಕೆಲಸವೆಂದರೆ ಆಪಾರನ್ನು ಕರೆದೊಯ್ಯುವುದು. ಊರಿನ ಶಾಲೆಯಲ್ಲಿ ಮೂವತ್ತೆಂಟು ವರ್ಷ ರಸಾಯನಶಾಸ್ತ್ರ ಕಲಿಸಿದ ಊರೆಲ್ಲ ಆಪಾ, ಅಂದರೆ ಅಕ್ಕ, ಎಂದು ಕರೆಯುವ ಈ ಹೆಂಗಸಿನ ಬಳಿಗೆ, ಕುದುರೆ ಕಳೆದುಕೊಂಡವರೂ ಬರುತ್ತಿದ್ದರು, ಮದುವೆಮನೆಯಲ್ಲಿ ಓಲೆ ಕಳೆದುಕೊಂಡವರೂ ಬರುತ್ತಿದ್ದರು. ಪೊಲೀಸ್ ಠಾಣೆ ತೊಂಬತ್ತು ಕಿಲೋಮೀಟರ್ ದೂರದಲ್ಲಿತ್ತು. ಆಪಾರ ಮನೆ ಅಂಚೆ ಕಚೇರಿಯ ಎದುರಿಗೇ ಇತ್ತು. ಆಪಾ ಹೇಗೆ ಯೋಚಿಸುತ್ತಾರೆಂದು ತನಗೆ ಗೊತ್ತು ಎಂಬುದು ತೊಲೆಗೆನ್‌ನ ನಂಬಿಕೆ. ಆ ನಂಬಿಕೆ ಪ್ರತಿ ಸಲವೂ ಸುಳ್ಳಾಗುತ್ತಿತ್ತು. ಅದರಿಂದ ಅವನಿಗೆ ಬೇಸರವೇನೂ ಇರಲಿಲ್ಲ.

ಒಳಗೆ ಬಂದವಳು ಬರ್ಶಿನ್. ಆಪಾರ ಹಳೆಯ ವಿದ್ಯಾರ್ಥಿನಿ. ಈಗ ರಾಕೆಟ್ ಉಡಾವಣೆಗಳಿಂದ ನೆಲ, ನೀರು, ಹುಲ್ಲಿಗೆ ಏನಾಗುತ್ತದೆಂದು ಪರೀಕ್ಷಿಸುವ ತಂಡದ ಮುಖ್ಯಸ್ಥೆ. ದಕ್ಷಿಣದ ನೆಲೆಯಿಂದ ಹಾರಿದ ರಾಕೆಟ್ಟುಗಳ ಮೊದಲ ಹಂತ ಕಳಚಿ ಬೀಳುವುದು ಈ ಕಡೆಯ ಹುಲ್ಲು ಬಯಲಿನಲ್ಲಿ. ಪ್ರತಿ ಸಲವೂ ಅವಳು ಉಡಾವಣೆಗೆ ಮುಂಚೆ ಒಮ್ಮೆ, ಬಿದ್ದ ಮೇಲೆ ಒಮ್ಮೆ ಬಂದು ಮಣ್ಣು ನೀರು ತುಂಬಿಕೊಂಡು ಹೋಗುತ್ತಿದ್ದಳು. ಅವಳ ಕಣ್ಣುಗಳು ಕೆಂಪಾಗಿದ್ದವು.

"ಆಪಾ, ನನ್ನನ್ನ ಕಳ್ಳಿ ಅಂತಿದ್ದಾರೆ," ಎಂದಳು.

"ಮೊದಲು ಕೂತ್ಕೋ. ತೊಲೆಗೆನ್, ಆ ಸ್ಟೂಲು ಬಿಡು."

ತೊಲೆಗೆನ್ ಎದ್ದ. ಬರ್ಶಿನ್ ಕೂತಳು.

"ಹನ್ನೆರಡು ದಿನದ ಹಿಂದೆ ಹಂತ ಬಿತ್ತು. ಮೂರನೇ ದಿನ ನಾವು ಹೋಗಿ ಹತ್ತು ಸೀಸೆ ನೀರು ತುಂಬಿಸಿದ್ವಿ. ಆರನೇದು ಅಕ್‌ಬುಲಾಕ್ ಬುಗ್ಗೇದು, ಕುರಿ ಸಾಕೋ ಅಜ್ಜ ಅಬಿಲ್ಡಾ ಅತಾ ಅವರ ಬಿಡಾರದ ಹತ್ರ ಇದೆಯಲ್ಲ, ಅದು. ಬುಗ್ಗೆ ದಡದಲ್ಲೇ ಪರೀಕ್ಷೆ ಕಾಗದ ಅದ್ದಿ ನೋಡಿದೆ. ಬಣ್ಣ ತಿರುಗಲಿಲ್ಲ. ನೀರು ಶುದ್ಧವಾಗಿತ್ತು, ಆಪಾ, ನನ್ನ ಕಣ್ಣಾರೆ ನೋಡಿದೀನಿ. ನಿನ್ನೆ ಪ್ರಯೋಗಾಲಯದ ವರದಿ ಬಂತು. ಒಂಬತ್ತು ಸೀಸೇಲಿ ಏನಿಲ್ಲ. ಆರನೇದ್ರಲ್ಲಿ ಹೆಪ್ಟಿಲ್!"

ಹೆಪ್ಟಿಲ್ ಎಂದರೆ ಆ ರಾಕೆಟ್ಟುಗಳ ಇಂಧನ, ಕಡು ವಿಷ. ಅದರ ಹೆಸರು ಆ ಬಯಲಿನ ಮಕ್ಕಳಿಗೂ ಗೊತ್ತಿತ್ತು.

"ಜಿಲ್ಲೆಯ ತನಿಖಾ ಸಮಿತಿ ಇವತ್ತು ನಾಲ್ಕು ಗಂಟೆಗೆ ಅತಾ ಅವರ ಗುಡಾರಕ್ಕೆ ಬರುತ್ತೆ. ಬುಗ್ಗೆ ಮುಚ್ಚಿ ಅವರನ್ನ ಎಬ್ಬಿಸಿ ಕಳಿಸ್ತಾರೆ. ಉಡಾವಣೆ ಕಡೆಯ ಪ್ರತಿನಿಧಿ ಗೆನ್ನಾಡಿ ಪಾವ್ಲೊವಿಚ್, ನಾನೇ ಹೆಸರು ಮಾಡ್ಕೊಳ್ಳೋಕೆ ವಿಷ ಬೆರೆಸಿದೆ ಅಂತಾರೆ. ನನ್ನ ಸಹಾಯಕ ಎರಾಸಿಲ್ ನನ್ನ ಕಾಗದಗಳೇ ಹಳೇವು ಅಂತಾನೆ. ಮೂರು ತಿಂಗಳಿಂದ ನನ್ನ ಕುರ್ಚಿ ಮೇಲೆ ಕಣ್ಣು ಅವನಿಗೆ."

ಆಪಾ ಹಿಟ್ಟಿನ ಕೈ ಒರೆಸಿಕೊಂಡು ವರದಿಯ ಹಾಳೆ ಕೇಳಿದರು. ಕನ್ನಡಕ ಮೂಗಿನ ತುದಿಗೆ ಜಾರಿಸಿ ಓದಿದರು. ಆಮೇಲೆ ಅದನ್ನು ತೊಲೆಗೆನ್ ಕೈಗೆ ಕೊಟ್ಟು, "ಕೆಳಗಿನ ಎರಡು ಸಾಲು ಗಟ್ಟಿಯಾಗಿ ಓದು" ಎಂದರು.

"ನೀರಿನ ಗಡಸುತನ: ಅತ್ಯಲ್ಪ," ಎಂದು ತೊಲೆಗೆನ್ ಓದಿದ. "ಷರಾ: ಸೀಸೆಯ ಕುತ್ತಿಗೆಯಲ್ಲಿ ಒಂದು ಬೆರಳಿನಷ್ಟು ಗಾಳಿ ಇತ್ತು."

"ಬರ್ಶಿನ್, ನೀನು ಸೀಸೆ ಹೇಗೆ ತುಂಬಿಸ್ತೀಯಾ?"

"ನೀರೊಳಗೆ ಮುಳುಗಿಸಿ, ಅಂಚಿನವರೆಗೂ, ಒಂದು ಗುಳ್ಳೆ ಇಲ್ಲದ ಹಾಗೆ. ಅಲ್ಲೇ ಮುಚ್ಚಳ ಹಾಕ್ತೀನಿ. ನಮ್ಮಲ್ಲಿ ಎಲ್ಲರಿಗೂ ಅದೇ ಮೊದಲ ಪಾಠ."

"ಸೀಸೆಗಳ ಪೆಟ್ಟಿಗೆಗೆ ಮೊಹರು ಹಾಕಿದ್ದು ಎಲ್ಲಿ?"

"ಸಂಜೆ, ಶಿಬಿರದಲ್ಲಿ. ಮಧ್ಯಾಹ್ನ ಅಬಿಲ್ಡಾ ಅತಾ ಊಟಕ್ಕೆ ಕರೆದಿದ್ರು. ಪೆಟ್ಟಿಗೆ ಗುಡಾರದ ಪಕ್ಕ ನೆರಳಲ್ಲಿತ್ತು." ಅವಳು ತಲೆ ತಗ್ಗಿಸಿದಳು. "ಊಟದ ಮಧ್ಯೆ ಎಲ್ಲರೂ ಒಂದೊಂದು ಸಲ ಹೊರಗೆ ಹೋಗಿದ್ರು. ಎರಾಸಿಲ್ ಸಿಗರೇಟಿಗೆ, ಗೆನ್ನಾಡಿ ಪಾವ್ಲೊವಿಚ್ ಫೋನಿಗೆ, ಅತಾ ಕುದುರೆ ಹಾಲಿನ ಕುಮಿಸ್ ತರೋಕೆ."

"ತೊಲೆಗೆನ್, ಜೀಪು ತೆಗಿ. ಹಿಟ್ಟು ಒದ್ದೆ ಬಟ್ಟೆ ಕೆಳಗಿರಲಿ."

ಬೌರ್ಸಾಕು ತಪ್ಪಿಹೋದದ್ದಕ್ಕೆ ತೊಲೆಗೆನ್ ಒಂದು ನಿಟ್ಟುಸಿರು ಬಿಟ್ಟು ಕೀಲಿಕೈ ಹುಡುಕಿದ.

ಮೇ ತಿಂಗಳ ಬಯಲು ಹಸಿರಾಗಿತ್ತು. ಎರಡು ಗಂಟೆ ಓಡಿದ ಮೇಲೆ ಬರ್ಶಿನ್‌ಳ ಶಿಬಿರ ಸಿಕ್ಕಿತು. ಎರಾಸಿಲ್ ಡೇರೆಯ ಮುಂದೆ ಕೂತು ಚಹಾ ಕುಡಿಯುತ್ತಿದ್ದ. ತೆಳ್ಳಗಿನ ಆಳು, ಮಾತು ಚೂಪು.

"ಮೇಡಮ್ಮು ಪತ್ತೇದಾರರನ್ನ ಕರ್ಕೊಂಡು ಬಂದ್ರಾ?" ಎಂದ.

"ಇಲ್ಲಪ್ಪಾ, ಚಹಾ ಕುಡಿಯೋಕೆ ಬಂದ ಮುದುಕಿ ನಾನು," ಎಂದು ಆಪಾ ಅಲ್ಲೇ ಕೂತರು. ಬಟ್ಟಲಿನ ಚಹಾದ ಮೇಲೆ ಮಂಕಾದ ಕೆನೆಯಂಥ ಪೊರೆ ಕಟ್ಟಿತ್ತು. ಆಪಾ ಕೆಟಲಿನ ಮುಚ್ಚಳ ತೆಗೆದು ಒಳಗೆ ಇಣುಕಿದರು. ಗೋಡೆಯ ಸುತ್ತ ಬೆರಳು ದಪ್ಪ ಬಿಳಿಯ ಕರೆ ಅಂಟಿತ್ತು.

"ಇದಕ್ಕೆ ನೀರು ಎಲ್ಲಿಂದ?"

"ಬುಗ್ಗೆಯಿಂದ. ಇಲ್ಲಿ ಬೇರೆ ನೀರೆಲ್ಲಿದೆ? ವರದಿ ಬಂದ ಮೇಲೂ ಅದನ್ನೇ ಕುಡೀತಿದೀನಿ, ನೋಡಿ." ಎರಾಸಿಲ್ ನಗುವ ಪ್ರಯತ್ನ ಮಾಡಿದ. "ಯಾಕಂದ್ರೆ ಬುಗ್ಗೆ ಚೆನ್ನಾಗೇ ಇದೆ ಅಂತ ನನಗೂ ಅನ್ಸುತ್ತೆ. ಕಾಗದ ಹಳೇದು ಅಂದಿದ್ದು ನಿಜ. ಆದ್ರೆ ಬರ್ಶಿನ್ ವಿಷ ಬೆರೆಸೋಳಲ್ಲ."

ಬರ್ಶಿನ್ ಅವನನ್ನು ಅಚ್ಚರಿಯಿಂದ ನೋಡಿದಳು. ಇದನ್ನು ಅವನು ಮೊದಲೇ ಯಾಕೆ ಹೇಳಲಿಲ್ಲ ಎಂದು ತೊಲೆಗೆನ್‌ಗೆ ಸಿಟ್ಟು ಬಂತು. ಅವನು ಮನಸ್ಸಿನಲ್ಲೇ ಎರಾಸಿಲ್‌ನನ್ನು ಅನುಮಾನದ ಪಟ್ಟಿಯ ಮೊದಲಿಗೆ ಹಾಕಿದ. ಇಷ್ಟು ಬೇಗ ಒಳ್ಳೆಯವನಾಗುವವನನ್ನು ನಂಬಬಾರದು.

ಬರ್ಶಿನ್, ಎರಾಸಿಲ್ ಶಿಬಿರದ ಚಾಲಕನ ಗಾಡಿಯಲ್ಲಿ ಹಿಂದೆ ಬಂದರು. ಅಬಿಲ್ಡಾರ ಗುಡಾರದ ದಾರಿಯಲ್ಲಿ ಆಪಾ ಬುಗ್ಗೆಯ ಹತ್ತಿರ ಜೀಪು ನಿಲ್ಲಿಸಿದರು. ಕಲ್ಲುಗಳ ನಡುವಿನಿಂದ ನೀರು ತಣ್ಣಗೆ ಉಕ್ಕುತ್ತಿತ್ತು. ಅಬಿಲ್ಡಾರ ಕುದುರೆಗಳು, ಕುರಿಗಳು ದಡದ ತುಂಬ ಮೇಯುತ್ತಿದ್ದವು. ಮರಿಕುದುರೆಗಳ ಮೈ ಎಣ್ಣೆ ಸವರಿದಂತೆ ಮಿರುಗುತ್ತಿತ್ತು. ಆಪಾ ಚೀಲದಿಂದ ಸಾಬೂನು ತೆಗೆದು ತೊಲೆಗೆನ್ ಕೈಗಿತ್ತರು.

"ಕೈ ತೊಳ್ಕೋ."

"ಕೈ ಶುದ್ಧವಾಗೇ ಇದೆ ಆಪಾ."

"ತೊಳ್ಕೋ ಅಂದೆ."

ತೊಲೆಗೆನ್ ಉಜ್ಜಿದ, ಮತ್ತೆ ಉಜ್ಜಿದ. ನೊರೆ ಬರಲೇ ಇಲ್ಲ. ಅಂಗೈಗೆ ಜಿಗುಟಾದ ಬಿಳಿ ಚೂರುಗಳು ಅಂಟಿಕೊಂಡವು. "ಸಾಬೂನು ಕೆಟ್ಟದ್ದು," ಎಂದ. ಆಪಾ ಸಾಬೂನು ಒರೆಸಿ ಚೀಲಕ್ಕೆ ಹಾಕಿಕೊಂಡರು.

ಅಬಿಲ್ಡಾರ ಕಂಬಳಿ ಗುಡಾರ ಬುಗ್ಗೆಯಿಂದ ಮುನ್ನೂರು ಹೆಜ್ಜೆ ಮೇಲೆ ದಿಬ್ಬದ ಮರೆಯಲ್ಲಿತ್ತು. ಎಪ್ಪತ್ತೆರಡರ ಅಬಿಲ್ಡಾ ಇನ್ನೂ ಕುದುರೆಯ ಮೇಲೆ ನೆಟ್ಟಗೆ ಕೂರುವವರು. ಅಂದು ಮಾತ್ರ ಬಾಗಿಲಲ್ಲಿ ಬಂದು ನಿಂತಾಗ ಅವರ ಹೆಗಲು ಇಳಿದಿತ್ತು. ಮಗ ಹಿಂಡಿನ ಜೊತೆ ದೂರದ ಮೇವಿಗೆ ಹೋಗಿದ್ದ; ಮನೆಯಲ್ಲಿ ಸೊಸೆ ಕಲಾಂಪಿರ್ ಮತ್ತು ಆರು ವರ್ಷದ ಮೊಮ್ಮಗಳು ತೊಮಿರಿಸ್ ಇದ್ದರು.

ಕಲಾಂಪಿರ್ ಹೂಜಿ ಹಿಡಿದು ಬಂದು ಅತಿಥಿಗಳ ಕೈಗೆ ನೀರು ಹಾಕಿದಳು. ಅವಳ ಜಡೆ ಸೊಂಟ ದಾಟಿ ಹೊಳೆಯುತ್ತಿತ್ತು. ತೊಲೆಗೆನ್ ಕೈಗೆ ಸಾಬೂನು ಸೋಕಿದ್ದೇ ತಡ, ನೊರೆ ಮೊಣಕೈವರೆಗೆ ಉಕ್ಕಿತು. ಎಷ್ಟು ತೊಳೆದರೂ ಹೋಗಲಿಲ್ಲ.

"ಏನು ಜಡೆಯಮ್ಮಾ ನಿನ್ನದು," ಎಂದರು ಆಪಾ. "ಯಾವ ನೀರಲ್ಲಿ ತೊಳೀತೀಯಾ?"

"ಹಿಮದ ನೀರು ಆಪಾ. ಮಾರ್ಚಿನಲ್ಲಿ ತುಂಬಿಟ್ಕೋತೀವಿ. ಬುಗ್ಗೆ ನೀರು ತಲೆಗೆ ಹಾಕಿದ್ರೆ ಕೂದಲು ಪೊರಕೆ ಆಗುತ್ತೆ. ಚಹಾಗೆ ಮಾತ್ರ ಮಾವನಿಗೆ ಬುಗ್ಗೇದೇ ಬೇಕು, ಹಿಮದ ನೀರಿನ ಚಹಾಗೆ ಸತ್ವವಿಲ್ಲ ಅಂತಾರೆ."

"ದಾರೀಲಿ ಬರ್ಶಿನ್ ಹೇಳಿದ್ಲು, ಕುರಿಮರಿ ಸತ್ತುಹೋದ್ವಂತೆ?"

"ನಾಲ್ಕು ಹೋದ್ವು. ಹಿಂದಿನ ದೊಡ್ಡೀಲಿ ಕಟ್ಟಿ ಸಾಕ್ತಿದ್ವು. ಮೂರು, ರಾಕೆಟ್ ಬಿದ್ದ ಎರಡೇ ದಿನದಲ್ಲಿ. ಮೊದಲನೇದು ಮಾತ್ರ ಒಂದು ವಾರ ಮುಂಚೇನೇ ಹೋಗಿತ್ತು. ಅದು ಹುಟ್ಟಿದಾಗ್ಲೇ ಬಡವಾಗಿತ್ತು ಬಿಡಿ."

"ದೊಡ್ಡಿ ಮರಿಗಳು ಕುಡಿಯೋದು?"

"ಅಷ್ಟು ದೂರ ಬುಗ್ಗೆಗೆ ಹೊಡ್ಕೊಂಡು ಹೋಗೋರ್ಯಾರು? ಇಲ್ಲೇ ಬಾನಿಗೆ ಹಾಕ್ತೀವಿ."

ಒಳಗೆ ತೊಮಿರಿಸ್ ಕಂಬಳಿ ಹೊದ್ದು ಮಲಗಿದ್ದಳು. ಮುಖ ಬಿಳಿಚಿತ್ತು. ಎರಡು ದಿನದಿಂದ ವಾಂತಿ, ಒಣಗಿದ ಮೊಸರುಂಡೆ ಜಾಸ್ತಿ ತಿಂದಿದ್ದಾಳೆ ಎಂದು ಅಬಿಲ್ಡಾ ಹೇಳಿದರು. ಅವಳ ತಲೆದಿಂಬಿನ ಬಳಿ ಬಿಳಿ ಬಟ್ಟೆ ಮುಚ್ಚಿದ ಸಣ್ಣ ಬಕೆಟ್ಟಿತ್ತು. ಬಾಗಿಲ ಬಳಿ ಮನೆಯವರ ದೊಡ್ಡ ಬಕೆಟ್ಟು ಬೇರೆ ಇತ್ತು.

"ಇದು ಮಗೂಗೆ ಅಂತ ಬೇರೆ ಇಟ್ಟಿದ್ದಾ?" ಆಪಾ ಕೇಳಿದರು.

"ಹೌದು," ಅಬಿಲ್ಡಾ ಚುಟುಕಾಗಿ ಹೇಳಿದರು. "ಮಗು ಅಲ್ವಾ."

ಆಪಾ ಎದ್ದರು, ಎದ್ದವರ ಕಾಲು ತಾಗಿ ಬಕೆಟ್ಟು ಉರುಳಿತು. ನೀರೆಲ್ಲ ಹೊಸ್ತಿಲು ದಾಟಿ ಹೋಯಿತು. ಅವರು ಕ್ಷಮೆ ಕೇಳಲಿಲ್ಲ. ಇಂಥ ಒರಟುತನವನ್ನು ತೊಲೆಗೆನ್ ಆಪಾರ ಜೊತೆ ತಿರುಗಿದ ಆರು ವರ್ಷದಲ್ಲಿ ಒಮ್ಮೆಯೂ ಕಂಡಿರಲಿಲ್ಲ.

"ಕಲಾಂಪಿರ್, ಮಗೂನ ಎತ್ಕೋ. ಶಿಬಿರದ ಗಾಡೀಲಿ ಈಗಲೇ ಜಿಲ್ಲಾಸ್ಪತ್ರೆಗೆ ಹೋಗು. ಕುಡಿಯೋಕೆ ಬುಗ್ಗೆ ನೀರು ತಗೋ, ಬೇರೆ ಯಾವ್ದೂ ಬೇಡ."

"ಬುಗ್ಗೆ ನೀರು ಬೇಡ!" ಅಬಿಲ್ಡಾ ಹೆಚ್ಚುಕಮ್ಮಿ ಕೂಗಿದರು.

ಆಪಾ ಅವರನ್ನೇ ನೋಡಿದರು. ಆ ನೋಟದಲ್ಲಿ ಸಿಟ್ಟಿರಲಿಲ್ಲ. "ಅಬಿಲ್ಡಾ, ನನ್ನ ಮಾತು ಕೇಳಿ. ಕಾರಣ ನಾಲ್ಕು ಗಂಟೆಗೆ ಹೇಳ್ತೀನಿ."

ಕಲಾಂಪಿರ್ ಮಾವನ ಮುಖ ನೋಡಲೂ ನಿಲ್ಲಲಿಲ್ಲ. ಬುಗ್ಗೆಯ ನೀರು ಒಂದು ಬಾಟಲಿ ತುಂಬಿಕೊಂಡು, ಮಗುವನ್ನು ಎದೆಗವಚಿಕೊಂಡು ಗಾಡಿ ಹತ್ತಿದಳು. ಆಪಾ ಗುಡಾರದ ಹಿಂದಕ್ಕೆ ಹೋಗಿ ಬಂದರು. ಬರುವಾಗ ಮುಖ ಗಂಭೀರವಾಗಿತ್ತು.

ನಾಲ್ಕು ಗಂಟೆಗೆ ಎಲ್ಲರೂ ಗುಡಾರದಲ್ಲಿ ಸುತ್ತ ಕೂತರು. ಸಮಿತಿಯ ಅಧ್ಯಕ್ಷ ಮುಕಾನ್, ಬೆವರೊರೆಸಿಕೊಳ್ಳುತ್ತಿದ್ದ ದಪ್ಪ ಮನುಷ್ಯ, ಕಡತವನ್ನು ತೊಡೆಯ ಮೇಲಿಟ್ಟುಕೊಂಡಿದ್ದ. ಗೆನ್ನಾಡಿ ಪಾವ್ಲೊವಿಚ್ ನರೆತ ಮೀಸೆಯ ರಷ್ಯನ್; ಇಪ್ಪತ್ತು ವರ್ಷದಿಂದ ಇದೇ ಬಯಲಲ್ಲಿ ಬಿದ್ದ ಹಂತಗಳನ್ನು ಎತ್ತಿಸುತ್ತಿದ್ದವನು.

"ಬೇಗ ಮುಗಿಸೋಣ," ಎಂದ ಮುಕಾನ್. "ಬುಗ್ಗೆಗೆ ವಿಷ ಹಾಕಿದ್ದು ರಾಕೆಟ್ಟಾ, ಸೀಸೆಗೆ ವಿಷ ಹಾಕಿದ್ದು ಬರ್ಶಿನ್ನಾ? ಎರಡೇ ದಾರಿ."

"ಮೂರನೇದು ಇದೆ," ಎಂದರು ಆಪಾ. "ವಿಷ ಯಾರೂ ಹಾಕಿಲ್ಲ. ಯಾರೋ ಒಬ್ರು ತಮ್ಮ ಹತ್ರ ಇದ್ದ ಒಳ್ಳೇ ನೀರನ್ನ ಸೀಸೆಗೆ ಹಾಕಿದ್ರು."

ಅರ್ಥವಾದವನಂತೆ ಕಾಣಲು ತೊಲೆಗೆನ್ ತಲೆಯಾಡಿಸಿದ.

"ವರದೀಲಿ ಎಲ್ಲರೂ ವಿಷದ ಸಾಲು ಮಾತ್ರ ಓದಿದ್ರಿ. ಅದರ ಕೆಳಗಿನ ಸಾಲು ಗಡಸುತನದ್ದು. ಆರನೇ ಸೀಸೇದು ತೀರಾ ಮೆದು ನೀರು. ಬುಗ್ಗೆ ನೀರು ಹೇಗಿದೆ? ಶಿಬಿರದ ಕೆಟಲಲ್ಲಿ ಬೆರಳು ದಪ್ಪ ಸುಣ್ಣ ಕಟ್ಟಿದೆ. ತೊಲೆಗೆನ್ ಅಷ್ಟು ಉಜ್ಜಿದ್ರೂ ಸಾಬೂನು ನೊರೆ ಬರಲಿಲ್ಲ. ಅಂಥ ಗಡಸು ನೀರಿಗೆ ಹೆಪ್ಟಿಲ್ ಬೆರೆಸಿದ್ರೆ ಅದು ವಿಷವಾಗುತ್ತೆ, ಮೆದುವಾಗಲ್ಲ. ಹಾಗಾದ್ರೆ ಸೀಸೇಲಿದ್ದದ್ದು ಬುಗ್ಗೆ ನೀರೇ ಅಲ್ಲ. ಯಾರೋ ಚೆಲ್ಲಿ ಬೇರೆ ತುಂಬಿಸಿದಾರೆ."

"ಯಾರು?" ಎಂದ ಮುಕಾನ್. ಅವನ ಕಣ್ಣು ಎರಾಸಿಲ್ ಕಡೆ ಹೋಯಿತು. ತೊಲೆಗೆನ್ನದೂ ಹೋಯಿತು.

"ಎರಾಸಿಲ್ ಆಗಿದ್ರೆ ಅಂಚಿನವರೆಗೂ ತುಂಬಿಸ್ತಿದ್ದ. ಅದು ಅವನ ಮೊದಲ ಪಾಠ, ಕೈ ತಾನಾಗೇ ಮಾಡುತ್ತೆ. ಬರ್ಶಿನ್‌ಗೂ ಹಾಗೇ. ಸೀಸೇಲಿ ಒಂದು ಬೆರಳು ಗಾಳಿ ಇತ್ತು. ಚಹಾ ಬಟ್ಟಲು ತುಂಬೋ ಹಾಗೆ, ತುಳುಕದ ಹಾಗೆ ಸುರಿದಿದ್ರು. ಅಂದ್ರೆ ಈ ಕೆಲಸ ಕಲಿತವರಲ್ಲ."

"ನಾನೂ ಕಲಿತಿಲ್ಲ," ಎಂದ ಗೆನ್ನಾಡಿ, ಅರ್ಧ ತಮಾಷೆಗೆ, ಅರ್ಧ ಭಯಕ್ಕೆ.

"ನಿಮ್ಮ ಕಾರಲ್ಲಿರೋದು ಅಂಗಡಿ ಬಾಟಲಿ ನೀರು, ಗೆನ್ನಾಡಿ ಪಾವ್ಲೊವಿಚ್. ಅದ್ರಲ್ಲಿ ಹೆಪ್ಟಿಲ್ ಎಲ್ಲಿಂದ ಬರಬೇಕು? ವಿಷ ಸಿಕ್ಕಿದ್ರೆ ಮೊದಲು ಬೈಸಿಕೊಳ್ಳೋರೂ ನೀವೇ. ಮೆದು ನೀರು ಈ ಬಯಲಲ್ಲಿ ಒಂದೇ ಥರದ್ದು, ಹಿಮದ್ದು. ಆ ನೀರಿಗೆ ಇವತ್ತು ಇದೇ ಗುಡಾರದಲ್ಲಿ ತೊಲೆಗೆನ್ ಕೈಯಿಂದ ನೊರೆ ಹೋಗಲೇ ಇಲ್ಲ."

ತೊಲೆಗೆನ್ ತನ್ನ ಕೈಗಳನ್ನು ನೋಡಿಕೊಂಡು ಪ್ಯಾಂಟಿಗೆ ಜೋರಾಗಿ ಒರೆಸಿಕೊಂಡ.

ಆಪಾ ಅಬಿಲ್ಡಾರ ಕಡೆ ತಿರುಗಿದರು. ದನಿ ಇಳಿಸಿದರು. "ನೀವು ಮರಿಗಳು ಸತ್ತದ್ದು ನೋಡಿ ಬುಗ್ಗೆಗೆ ವಿಷ ಬಿದ್ದಿದೆ ಅಂದ್ಕೊಂಡ್ರಿ. ಪರೀಕ್ಷೇಲಿ ಗೊತ್ತಾದ್ರೆ ಎಬ್ಬಿಸಿ ಕಳಿಸ್ತಾರೆ ಅಂತ ಹೆದರಿದ್ರಿ. ಕುಮಿಸ್ ತರೋಕೆ ಹೋದವರು ಸೀಸೆ ನೀರು ಬದಲಾಯಿಸಿದ್ರಿ. ಆದ್ರೆ ಮೊಮ್ಮಗಳ ವಿಷಯದಲ್ಲಿ ನಿಮಗೆ ಮೋಸ ಮಾಡೋಕಾಗಲಿಲ್ಲ. ಬುಗ್ಗೆ ನೀರು ಬಿಡಿಸಿ ಹಿಮದ ನೀರನ್ನ ಬೇರೆ ಬಕೆಟ್ಟಲ್ಲಿಟ್ರಿ. ಆ ಬಿಳಿ ಬಟ್ಟೆ ನೋಡಿದಾಗಲೇ ನನಗೆ ನೀವೇ ಅಂತ ಗೊತ್ತಾಯ್ತು."

ಅಬಿಲ್ಡಾ ಟೋಪಿ ತೆಗೆದು ಮೊಣಕಾಲ ಮೇಲಿಟ್ಟರು.

"ಹೌದು," ಎಂದರು. "ನಾನು ಹುಟ್ಟಿದ್ದು ಆ ಬುಗ್ಗೆ ಪಕ್ಕ. ಈ ವಯಸ್ಸಲ್ಲಿ ಪಟ್ಟಣದ ನಾಲ್ಕನೇ ಮಹಡೀಲಿ ಕೂರಿಸಿದ್ರೆ ನಾನು ಕಿಟಕೀಲಿ ಏನು ನೋಡ್ಲಿ? ನನ್ನ ಹತ್ರ ಇದ್ದ ಎಲ್ಲಕ್ಕಿಂತ ಒಳ್ಳೇ ನೀರು ಹಾಕಿದೆ, ರೈಖಾನ್. ಆಕಾಶದಿಂದ ಬಿದ್ದ ನೀರು. ವರದಿ ಬಂದಾಗ ಸೀಸೆ ತಳದಲ್ಲಿ ಉಳಿದ ಬುಗ್ಗೆ ಹನೀದೇ ವಿಷ ಅಂದ್ಕೊಂಡೆ. ಬುಗ್ಗೆ ಶುದ್ಧ ಅಂದ್ರೆ, ಅದ್ರಲ್ಲಿ ವಿಷ ಹೇಗೆ ಬಂತು?"

"ಬನ್ನಿ."

ಗುಡಾರದ ಹಿಂದೆ, ದೊಡ್ಡಿಗೆ ತಗುಲಿಕೊಂಡು, ಆಳೆತ್ತರದ ಬೆಳ್ಳಿ ಬಣ್ಣದ ತೊಟ್ಟಿ ನಿಂತಿತ್ತು. ಮೇಲ್ಭಾಗವನ್ನು ಅಚ್ಚುಕಟ್ಟಾಗಿ ಕೊಯ್ದು ಮರದ ಮುಚ್ಚಳ ಮಾಡಿದ್ದರು. ಬುಡದ ನಲ್ಲಿಯಿಂದ ಮರಿಗಳ ಬಾನಿಗೆ ಕೊಳವೆ ಹೋಗಿತ್ತು. ಗೆನ್ನಾಡಿ ಅದನ್ನು ಕಂಡವನೇ ರಷ್ಯನ್ ಭಾಷೆಯಲ್ಲಿ ಏನೋ ಗೊಣಗಿ ನಿಂತುಬಿಟ್ಟ.

"ಇದು ನಮ್ಮದು," ಎಂದ. "ಇಂಧನದ ತೊಟ್ಟಿ."

"ಹೋದ ಶರತ್ಕಾಲದಲ್ಲಿ ಸಿಕ್ತು," ಅಬಿಲ್ಡಾರ ದನಿ ತೊದಲಿತು. "ತುಕ್ಕು ಹಿಡಿಯಲ್ಲ ಅಂತ ಸ್ಲೆಡ್ಜಿಗೆ ಕಟ್ಟಿ ಎಳ್ಕೊಂಡು ಬಂದೆ. ಬೂದಿ ಹಾಕಿ ಮೂರು ಸಲ ತೊಳೆದೇ ಹಿಮದ ನೀರು ತುಂಬಿಸಿದ್ದೆ."

ಬರ್ಶಿನ್ ಕೈಗವಸು ತೊಟ್ಟು ಎರಡು ಗಾಜಿನ ಬಟ್ಟಲು ತಂದಳು. ಒಂದರಲ್ಲಿ ಬುಗ್ಗೆಯದು, ಇನ್ನೊಂದರಲ್ಲಿ ತೊಟ್ಟಿಯದು. ಎರಾಸಿಲ್ ತನ್ನ ಹೊಸ ಕಟ್ಟಿನಿಂದ ಎರಡು ಕಾಗದ ಹರಿದು ಕೊಟ್ಟ. ಬುಗ್ಗೆಯ ಕಾಗದ ಬಿಳಿಯಾಗೇ ಉಳಿಯಿತು. ತೊಟ್ಟಿಯದು ನೋಡನೋಡುತ್ತ ಕೆಂಪಾಯಿತು.

"ಬುಗ್ಗೆಗೆ ಹೋಗೋ ಕುದುರೆ, ಕುರಿ ಎಲ್ಲ ಮಿರಮಿರ ಮಿಂಚ್ತಿವೆ," ಎಂದರು ಆಪಾ. "ಈ ಬಾನಿ ಕುಡಿದ ಮರಿ ಮಾತ್ರ ಸತ್ತುಹೋದ್ವು. ಅದ್ರಲ್ಲಿ ಮೊದಲನೇದು ರಾಕೆಟ್ ಬೀಳೋ ಮುಂಚೇನೇ ಸತ್ತಿತ್ತು. ಈ ಸಲ ಬಿದ್ದ ಹಂತದ್ದಲ್ಲ ತಪ್ಪು. ಹೋದ ವರ್ಷ ಬಿದ್ದದ್ದು ಮನೆಯೊಳಗೇ ಬಂದು ಕೂತಿತ್ತು."

ಅಬಿಲ್ಡಾ ನೆಲದ ಮೇಲೆ ಕುಸಿದು ಕೂತರು. "ಮಗೂಗೆ ನಾನೇ ಕುಡಿಸಿದೆ. ನನ್ನ ಕೈಯಾರೆ."

ತೊಲೆಗೆನ್ ಮೂವತ್ತು ವರ್ಷ ಇಂಥ ಮುಖಗಳನ್ನು ಆಂಬುಲೆನ್ಸಿನ ಕನ್ನಡಿಯಲ್ಲಿ ನೋಡಿದ್ದ. ಹೋಗಿ ಮುದುಕನ ಪಕ್ಕ ಕೂತು ಬೆನ್ನ ಮೇಲೆ ಕೈಯಿಟ್ಟ. ಗೆನ್ನಾಡಿ ತನ್ನ ಉಪಗ್ರಹ ಫೋನು ತೆಗೆದು ಜಿಲ್ಲಾಸ್ಪತ್ರೆಗೆ ಹಚ್ಚಿದ. ತುಂಬ ಹೊತ್ತು ಕೇಳಿಸಿಕೊಂಡು, ಕೊನೆಗೆ ಫೋನನ್ನು ಅಬಿಲ್ಡಾರ ಕಿವಿಗೆ ಹಿಡಿದ.

ಕಲಾಂಪಿರ್‌ಳ ದನಿ ಎಲ್ಲರಿಗೂ ಕೇಳುವಷ್ಟು ಜೋರಾಗಿತ್ತು. "ಮಾವಾ, ಯಾಕೆ ಅಳ್ತೀರಾ? ಡಾಕ್ಟರು ರಕ್ತ ನೋಡಿದ್ರು. ಬೇಗ ಬಂದ್ರಿ, ಏನೂ ಆಗಲ್ಲ ಅಂದ್ರು. ಎರಡು ದಿನ ಇಟ್ಕೋತಾರಂತೆ. ಇವಳು ಆಗಲೇ ಐಸ್‌ಕ್ರೀಮ್ ಕೇಳ್ತಿದಾಳೆ."

ಮುಕಾನ್ ಗಂಟಲು ಸರಿಮಾಡಿಕೊಂಡ. "ಸೀಸೆ ಸಾಗಿಸುವಾಗ ಕೆಟ್ಟಿತು ಅಂತ ಬರೆದುಬಿಡ್ಲಾ? ವಯಸ್ಸಾದವರು..."

"ಬೇಡ," ಎಂದರು ಅಬಿಲ್ಡಾ, ಆಪಾ ಬಾಯಿ ತೆರೆಯುವ ಮೊದಲೇ. "ನಾನು ಬದಲಾಯಿಸಿದೆ ಅಂತ ಬರಿ. ಈ ಹುಡುಗಿ ಮೇಲೆ ಒಂದು ಕಲೆಯೂ ಉಳೀಬಾರದು."

ಹಾಗೇ ಬರೆದರು. ಸಮಿತಿ ಅಬಿಲ್ಡಾರಿಗೆ ಲಿಖಿತ ಎಚ್ಚರಿಕೆ ಕೊಟ್ಟಿತು, ಬುಗ್ಗೆಗೆ ಶುದ್ಧ ಎಂಬ ಪತ್ರ ಕೊಟ್ಟಿತು. ಗೆನ್ನಾಡಿಯ ಆಳುಗಳು ಮುಖವಾಡ ತೊಟ್ಟು ತೊಟ್ಟಿಯನ್ನು ಎತ್ತಿಕೊಂಡು ಹೋದರು. ಮರಳುವ ದಾರಿಯಲ್ಲಿ ತೊಲೆಗೆನ್, ತನಗೂ ಮೊದಲಿನಿಂದ ಮುದುಕನ ಮೇಲೇ ಅನುಮಾನವಿತ್ತು ಎಂದ. ಆಪಾ ಕಿಟಕಿಯ ಕಡೆ ತಿರುಗಿ ನಕ್ಕರು.

ಆದರೆ ಬರ್ಶಿನ್‌ಗೆ ನಿದ್ದೆ ಬರುತ್ತಿರಲಿಲ್ಲ. ಏಳು ವರ್ಷ ಅವಳು ಮಣ್ಣು, ನೀರು, ಹುಲ್ಲು ಅಳೆದಿದ್ದಳು. ಜನ ಮನೆಗೆ ಏನು ಹೊತ್ತೊಯ್ದಿದ್ದಾರೆಂದು ಒಮ್ಮೆಯೂ ಅಳೆದಿರಲಿಲ್ಲ. ಬಿದ್ದ ಲೋಹ ಎತ್ತುವುದು ಕಾನೂನಿಗೆ ವಿರುದ್ಧ. ಅವಳೂ ಎರಾಸಿಲ್ಲೂ ಗುಡಾರ ಗುಡಾರಕ್ಕೆ ಹೋಗಿ ಕೇಳಿದರೆ ಎಲ್ಲರೂ ಚಹಾ ಕೊಟ್ಟರು, "ನಮ್ಮಲ್ಲಿ ಅಂಥದ್ದೇನೂ ಇಲ್ಲಮ್ಮ" ಎಂದು ಬೀಳ್ಕೊಟ್ಟರು.

ಜೂನ್ ಮೊದಲ ವಾರ ಅಬಿಲ್ಡಾ ಕುದುರೆ ಏರಿ ತಾವಾಗಿಯೇ ಶಿಬಿರಕ್ಕೆ ಬಂದರು. "ನಾನು ಬರ್ತೀನಿ ನಿಮ್ಮ ಜೊತೆ," ಎಂದರು.

ಆ ದಿನ ತೊಲೆಗೆನ್‌ನ ಜೀಪಿನಲ್ಲಿ ಆಪಾ ಕೂಡ ಇದ್ದರು. ಮೊದಲ ಗುಡಾರ ಒಬ್ಬ ಗಟ್ಟಿಗಿತ್ತಿ ವಿಧವೆಯದು. ಅಬಿಲ್ಡಾ ಚಹಾ ಮುಗಿಸಿ, ಬಟ್ಟಲು ಕೆಳಗಿಟ್ಟು, ತಾವು ಸೀಸೆಯ ನೀರು ಬದಲಾಯಿಸಿದ್ದು, ತೊಟ್ಟಿ ತೊಳೆದದ್ದು, ಮಗುವಿಗೆ ಬಕೆಟ್ಟು ಇಟ್ಟದ್ದು, ಒಂದನ್ನೂ ಬಿಡದೆ ಹೇಳಿದರು. ವಿಧವೆ ಮೊದಲು ನಕ್ಕಳು. ಬಕೆಟ್ಟಿನ ಮಾತು ಬಂದಾಗ ನಗು ನಿಂತಿತು. ಅವಳು ಹೊರಗೆ ಆಡುತ್ತಿದ್ದ ತನ್ನ ಮೊಮ್ಮಕ್ಕಳ ಕಡೆ ಸ್ವಲ್ಪ ಹೊತ್ತು ನೋಡಿದಳು. ಆಮೇಲೆ ಎದ್ದು, ಸೊಂಟದ ಬೀಗದ ಕೈ ಬಿಚ್ಚಿ, "ಬನ್ನಿ, ಹಿಂದೆ ಎರಡಿವೆ," ಎಂದಳು.